ಹಲ್ಲೆ ಪ್ರಕರಣ: ಮೇಲಿನ ನ್ಯಾಯಾಲಯ ಓದುವುದು ಕೆಳಗಿನ ದಾಖಲೆಯನ್ನೇ

ಕಲ್ಲುಗುಂಡಿ: ತೋಟದ ಬೇಲಿ, ನೀರಿನ ಕಣಿ, ಹಣದ ಬಾಕಿ, ಪೇಟೆಯಲ್ಲಿ ನಡೆದ ಮಾತಿನ ಚಕಮಕಿ. ಹಳ್ಳಿಯ ಹಲ್ಲೆ ಪ್ರಕರಣಗಳ ಮೂಲ ಬಹುಮಟ್ಟಿಗೆ ಇಂಥದ್ದೇ. ದೂರು ಇಲ್ಲಿನ ಹೊರಠಾಣೆಯಿಂದ ಸುಳ್ಯ ಠಾಣೆಗೆ, ದೋಷಾರೋಪ ಪಟ್ಟಿ ಸುಳ್ಯದ ನ್ಯಾಯಾಲಯಕ್ಕೆ, ಮೇಲ್ಮನವಿ ಪುತ್ತೂರಿನಲ್ಲಿ ಕಲಾಪ ನಡೆಸುವ ಸೆಷನ್ಸ್ ನ್ಯಾಯಾಲಯಕ್ಕೆ, ಅಲ್ಲಿಂದ ಮುಂದೆ ಬೆಂಗಳೂರಿನ ಹೈಕೋರ್ಟಿಗೆ. ಸಂಪಾಜೆ ಗೇಟು ದಾಟಿ ಕೊಡಗಿನ ಸಂಪಾಜೆಯಲ್ಲಿ ಅದೇ ಹೊಡೆದಾಟ ನಡೆದರೆ ಹಾದಿ ಮಡಿಕೇರಿಯತ್ತ ತಿರುಗುತ್ತದೆ. ಠಾಣೆ ಬದಲಾದರೂ ಸಾಕ್ಷ್ಯವನ್ನು ತೂಗುವ ತಕ್ಕಡಿ ಮಾತ್ರ ಒಂದೇ.

‘ಕೆಳಗೆ ಸೋತರೇನಂತೆ, ಮೇಲೆ ನೋಡಿಕೊಳ್ಳೋಣ’ ಎಂಬ ಮಾತು ನ್ಯಾಯಾಲಯದ ಆವರಣದಲ್ಲಿ ಸಾಮಾನ್ಯ. ಇದು ಅರ್ಧ ಸತ್ಯ. ಮೇಲ್ಮನವಿಯಲ್ಲಿ ಸೆಷನ್ಸ್ ನ್ಯಾಯಾಧೀಶರು ಸಾಕ್ಷ್ಯವನ್ನೆಲ್ಲ ಹೊಸದಾಗಿ ಪರಾಮರ್ಶಿಸಬಹುದು, ಬೇರೆ ತೀರ್ಮಾನಕ್ಕೂ ಬರಬಹುದು. ಆದರೆ ಅವರ ಮುಂದಿರುವುದು ಸಾಕ್ಷಿಯಲ್ಲ, ಸಾಕ್ಷಿ ನುಡಿದದ್ದರ ಲಿಖಿತ ದಾಖಲೆ. ಸಾಕ್ಷಿ ಎಲ್ಲಿ ತಡವರಿಸಿದ, ಪಾಟೀಸವಾಲಿಗೆ ಹೇಗೆ ಉತ್ತರಿಸಿದ ಎಂಬುದನ್ನು ಕಣ್ಣಾರೆ ಕಂಡವರು ಸುಳ್ಯದ ನ್ಯಾಯಾಧೀಶರು ಮಾತ್ರ. ಹೆಚ್ಚುವರಿ ಸಾಕ್ಷ್ಯ ಪಡೆಯುವ ಅಧಿಕಾರ ಮೇಲಿನವರಿಗೆ ಇದ್ದರೂ ಅದರ ಬಳಕೆ ವಿರಳ. ಅಲ್ಲಿಂದಾಚೆಗಿನ ಪುನರೀಕ್ಷಣಾ ಅರ್ಜಿಯ ವ್ಯಾಪ್ತಿಯಂತೂ ಇನ್ನೂ ಕಿರಿದು. ಅಲ್ಲಿ ನೋಡುವುದು ತೀರ್ಪು ಕಾನೂನುಬದ್ಧವೇ, ಎದ್ದುಕಾಣುವ ದೋಷವಿದೆಯೇ ಎಂದಷ್ಟೇ. ಖುಲಾಸೆಯನ್ನು ಶಿಕ್ಷೆಯಾಗಿ ಪರಿವರ್ತಿಸುವ ಅಧಿಕಾರ ಪುನರೀಕ್ಷಣೆಯಲ್ಲಿ ಇಲ್ಲ.

ಸಾಕ್ಷಿಗಳು ಎಷ್ಟು ಮಂದಿ ಎಂಬುದಕ್ಕಿಂತ ಎಂಥವರು ಎಂಬುದೇ ಮುಖ್ಯ. ನಿರ್ದಿಷ್ಟ ಸಂಖ್ಯೆಯ ಸಾಕ್ಷಿಗಳು ಬೇಕೆಂದು ಹಿಂದಿನ ಸಾಕ್ಷ್ಯ ಅಧಿನಿಯಮ ಹೇಳಿರಲಿಲ್ಲ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮವೂ ಹೇಳುವುದಿಲ್ಲ. 1957ರ ವಡಿವೇಲು ತೇವರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಸಾಕ್ಷಿಗಳನ್ನು ಮೂರು ಬಗೆಯಾಗಿ ವಿಂಗಡಿಸಿತು: ಪೂರ್ಣ ನಂಬಲರ್ಹರು, ಪೂರ್ಣ ನಂಬಲನರ್ಹರು, ಇವೆರಡರ ನಡುವಿನವರು. ಮೊದಲ ಬಗೆಯ ಒಬ್ಬನೇ ಸಾಕ್ಷಿಯ ಮಾತಿನ ಮೇಲೆ ಶಿಕ್ಷೆ ವಿಧಿಸಬಹುದು. ಮೂರನೆಯ ಬಗೆಯವರ ಮಾತಿಗೆ ಬೇರೆ ಆಧಾರ ಬೇಕು.

ಒಂಟಿ ಮನೆಗಳ ಈ ಊರುಗಳಲ್ಲಿ ಹೊಡೆದಾಟ ಕಂಡವರು ಮನೆಮಂದಿ ಮಾತ್ರ ಎಂಬ ಸಂದರ್ಭಗಳೇ ಹೆಚ್ಚು. ‘ಸಂಬಂಧಿಕರ ಸಾಕ್ಷಿ ನಡೆಯುವುದಿಲ್ಲ’ ಎಂದು ದೂರನ್ನೇ ಕೈಬಿಡುವವರೂ ಇದ್ದಾರೆ. ಅದು ತಪ್ಪು ತಿಳಿವಳಿಕೆ. ಹತ್ತಿರದ ಬಂಧು ನಿಜವಾದ ಅಪರಾಧಿಯನ್ನು ಬಿಟ್ಟು ನಿರಪರಾಧಿಯ ಹೆಸರು ಹೇಳುವುದು ಸಾಮಾನ್ಯವಾಗಿ ಅಸಂಭವ ಎಂದು ದಲೀಪ್ ಸಿಂಗ್ ಪ್ರಕರಣದಲ್ಲಿ 1953ರಷ್ಟು ಹಿಂದೆಯೇ ಸುಪ್ರೀಂ ಕೋರ್ಟು ಹೇಳಿದೆ. ಹಳೆಯ ವೈರವಿದ್ದಲ್ಲಿ ಪರಿಶೀಲನೆ ಬಿಗಿಯಾಗುತ್ತದೆ, ಅಷ್ಟೇ. ಗಾಯಗೊಂಡವನ ಮಾತಿಗಂತೂ ಹೆಚ್ಚಿನ ತೂಕವಿದೆ; ಅವನು ಸ್ಥಳದಲ್ಲಿದ್ದನೆಂಬುದಕ್ಕೆ ಮೈಮೇಲಿನ ಗಾಯವೇ ಪುರಾವೆ.

ಹಾಗಾದರೆ ಪ್ರಕರಣ ಎಲ್ಲಿ ಕುಸಿಯುತ್ತದೆ? ಬಹಳಷ್ಟು ಸಲ ಮೊದಲ ದಿನವೇ. ಪೊಲೀಸು ರಗಳೆ ಬೇಡವೆಂದು ಆಸ್ಪತ್ರೆಯಲ್ಲಿ ‘ಜಾರಿ ಬಿದ್ದೆ’ ಎಂದವನು ವಾರದ ನಂತರ ನೆರೆಯವನ ಹೆಸರು ಹೇಳಿದರೆ, ವೈದ್ಯರ ಮೊದಲ ಟಿಪ್ಪಣಿಯೇ ಆರೋಪಿಯ ಪರ ಸಾಕ್ಷಿಯಾಗುತ್ತದೆ. ಪೊಲೀಸರಿಗೆ ನೀಡಿದ ಹೇಳಿಕೆಯಲ್ಲಿ ಕತ್ತಿಯ ಪ್ರಸ್ತಾಪವಿಲ್ಲದೆ ನ್ಯಾಯಾಲಯದಲ್ಲಿ ಕತ್ತಿ ಕಾಣಿಸಿಕೊಂಡರೆ ಅದು ಸಣ್ಣ ವ್ಯತ್ಯಾಸವಲ್ಲ. ಗಂಟೆ, ದೂರ, ಏಟಿನ ಎಣಿಕೆಯಲ್ಲಿ ಬರುವ ಚಿಲ್ಲರೆ ವ್ಯತ್ಯಾಸಗಳನ್ನು ನ್ಯಾಯಾಲಯಗಳು ಸಾಮಾನ್ಯವಾಗಿ ಬದಿಗಿಡುತ್ತವೆ. ಯಾರು ಹೊಡೆದರು, ಯಾವುದರಿಂದ ಹೊಡೆದರು ಎಂಬಲ್ಲಿನ ವ್ಯತ್ಯಾಸವನ್ನಲ್ಲ. ಮೂಳೆ ಮುರಿದಿದೆಯೆಂಬ ಆರೋಪಕ್ಕೆ ಎಕ್ಸ್‌ರೇ ಆಧಾರವಿಲ್ಲದಿದ್ದರೆ ತೀವ್ರ ಗಾಯದ ಆರೋಪ ಸಾದಾ ಗಾಯಕ್ಕೆ ಇಳಿದುಬಿಡಬಹುದು.

ಸಾಕ್ಷಿ ತಿರುಗಿ ಬೀಳುವುದು ಇನ್ನೊಂದು ಸಂಕಟ. ಪ್ರತಿಕೂಲ ಸಾಕ್ಷಿಯ ಮಾತನ್ನೆಲ್ಲ ತಳ್ಳಿಹಾಕಬೇಕಿಲ್ಲ, ನಂಬಲರ್ಹ ಭಾಗವನ್ನು ಬಳಸಿಕೊಳ್ಳಬಹುದೆಂಬುದು ಸ್ಥಾಪಿತ ನಿಯಮ. ಆದರೆ ಉಳಿಯುವ ಭಾಗ ಆರೋಪಿಯನ್ನು ಗುರುತಿಸದಿದ್ದರೆ ಅದರಿಂದ ಏನು ಪ್ರಯೋಜನ? ನಮ್ಮ ಜಿಲ್ಲೆಯಲ್ಲೇ ನಿದರ್ಶನಗಳಿವೆ. 2009ರ ಜನವರಿಯ ಮಂಗಳೂರು ಪಬ್ ದಾಳಿಯ ದೃಶ್ಯಗಳನ್ನು ದೇಶವೇ ಟಿ.ವಿ.ಯಲ್ಲಿ ನೋಡಿತ್ತು, 2018ರ ಮಾರ್ಚ್‌ನಲ್ಲಿ ಸಾಕ್ಷ್ಯಾಧಾರಗಳ ಕೊರತೆಯಿಂದ ಆರೋಪಿಗಳು ಖುಲಾಸೆಗೊಂಡರು. 2012ರ ಜುಲೈನಲ್ಲಿ ಪಡೀಲ್ ಹೋಂಸ್ಟೇಯಲ್ಲಿ ನಡೆದ ಹಲ್ಲೆಯ ಪ್ರಕರಣವೂ 2024ರ ಆಗಸ್ಟ್‌ನಲ್ಲಿ ಖುಲಾಸೆಯಲ್ಲೇ ಕೊನೆಗೊಂಡಿತು. ಟಿ.ವಿ.ಯಲ್ಲಿ ಕಂಡದ್ದು ತಾನಾಗಿ ನ್ಯಾಯಾಲಯದ ಸಾಕ್ಷ್ಯವಾಗುವುದಿಲ್ಲ. ದೃಶ್ಯಾವಳಿಗೆ ಕಾನೂನಿನ ಪ್ರಮಾಣಪತ್ರ ಬೇಕು, ಅದರಲ್ಲಿರುವವನು ಇವನೇ ಎನ್ನುವ ಮನುಷ್ಯ ಬೇಕು. ಹನ್ನೆರಡು ವರ್ಷಗಳ ಬಳಿಕ ಆ ಮನುಷ್ಯನನ್ನು ಹುಡುಕುವುದು ಯಾರ ಹೊಣೆ?

ಒಮ್ಮೆ ಖುಲಾಸೆಯಾದ ಮೇಲೆ ಏಣಿ ಇನ್ನೂ ಕಡಿದು. ಕರ್ನಾಟಕದ್ದೇ ಆದ ಚಂದ್ರಪ್ಪ ಪ್ರಕರಣದಲ್ಲಿ, ಸೆಷನ್ಸ್ ನ್ಯಾಯಾಲಯ ಬಿಡುಗಡೆ ಮಾಡಿದವರಿಗೆ ಹೈಕೋರ್ಟು ವಿಧಿಸಿದ್ದ ಶಿಕ್ಷೆಯನ್ನು ಸುಪ್ರೀಂ ಕೋರ್ಟು 2007ರಲ್ಲಿ ರದ್ದುಪಡಿಸಿತು. ನಿರಪರಾಧಿಯೆಂಬ ಪೂರ್ವಭಾವನೆಗೆ ಖುಲಾಸೆ ಇನ್ನಷ್ಟು ಬಲ ನೀಡುತ್ತದೆ, ಎರಡು ತೀರ್ಮಾನಗಳು ಸಾಧ್ಯವಿರುವಲ್ಲಿ ಖುಲಾಸೆಯನ್ನು ಕೆದಕಬಾರದು ಎಂಬುದು ಅದರ ಸಾರ.

ಗುಂಪು ಹಲ್ಲೆಯಲ್ಲಿ ಮಾತ್ರ ಸಂಖ್ಯೆಗೂ ಬೆಲೆಯಿದೆ. ಆರೋಪಿಗಳು ಬಹಳವಿರುವಾಗ ಒಬ್ಬೊಬ್ಬನನ್ನೂ ಕನಿಷ್ಠ ಇಬ್ಬರು ಮೂವರು ಗುರುತಿಸಿದ್ದಾರೆಯೇ ಎಂದು ನೋಡುವ ಪರಿಪಾಠವನ್ನು 1964ರ ಮಸಾಲ್ತಿ ತೀರ್ಪು ಒಪ್ಪಿದೆ. 2014ರ ಮರಕುಂಬಿ ಪ್ರಕರಣದಲ್ಲಿ ಕೊಪ್ಪಳದ ನ್ಯಾಯಾಲಯ 2024ರ ಅಕ್ಟೋಬರ್ 24ರಂದು 101 ಮಂದಿಗೆ ಶಿಕ್ಷೆ ವಿಧಿಸಿತು, 98 ಮಂದಿಗೆ ಜೀವಾವಧಿ. ಮರುತಿಂಗಳೇ ಹೈಕೋರ್ಟಿನ ಧಾರವಾಡ ಪೀಠ ಬಹುತೇಕರಿಗೆ ಜಾಮೀನು ನೀಡಿತು. ಅದು ಖುಲಾಸೆಯಲ್ಲ. ಇಂಥ ಮೇಲ್ಮನವಿಯಲ್ಲಿ ಪ್ರತಿಯೊಬ್ಬನ ಹೆಸರಿನ ಮುಂದೆ ಯಾವ ಸಾಕ್ಷಿ ನಿಲ್ಲುತ್ತಾನೆ ಎಂಬುದೇ ಪ್ರಶ್ನೆ.

ಏಟು ತಿಂದವನಿಗೆ ಸ್ವಂತ ಮೇಲ್ಮನವಿಯ ಹಕ್ಕು ದೊರೆತದ್ದು 2009ರ ಕೊನೆಯಲ್ಲಿ. ಆರೋಪಿ ಖುಲಾಸೆಯಾದರೆ, ಕಡಿಮೆ ಗಂಭೀರ ಅಪರಾಧಕ್ಕಷ್ಟೇ ಶಿಕ್ಷೆಯಾದರೆ ಅಥವಾ ಪರಿಹಾರ ಸಾಲದಾದರೆ ಅವನು ಮೇಲಕ್ಕೆ ಹೋಗಬಹುದು. ಶಿಕ್ಷೆಯ ಪ್ರಮಾಣ ಸಾಲದೆಂಬ ಕಾರಣಕ್ಕಲ್ಲ. ಶಿಕ್ಷೆಗೊಳಗಾದವನು ಸೆಷನ್ಸ್ ನ್ಯಾಯಾಲಯಕ್ಕೆ ಹೋಗಲು ಇರುವ ಅವಧಿ 30 ದಿನ. ಬೆದರಿಕೆಯಿರುವ ಸಾಕ್ಷಿ 2018ರ ಸಾಕ್ಷಿ ರಕ್ಷಣಾ ಯೋಜನೆಯಡಿ ಜಿಲ್ಲಾ ನ್ಯಾಯಾಧೀಶರ ನೇತೃತ್ವದ ಸಮಿತಿಗೆ ಅರ್ಜಿ ಸಲ್ಲಿಸಬಹುದು. ದೂರು ಕೊಟ್ಟವನಿಗೆ ಪ್ರಥಮ ವರ್ತಮಾನ ವರದಿಯ ಪ್ರತಿ ಠಾಣೆಯಲ್ಲಿ ಉಚಿತ. ಅದನ್ನು ಪಡೆದು, ತಾನು ಹೇಳಿದ್ದೇ ಬರೆದಿದೆಯೇ ಎಂದು ಅಂದೇ ಓದಿ ನೋಡಬೇಕು.