ಆ ಪಾಠವನ್ನು ತರಗತಿಯಲ್ಲೇ ಮಾಡಿಸಿ

ಮಾನ್ಯ ಕ್ಷೇತ್ರ ಶಿಕ್ಷಣಾಧಿಕಾರಿಗಳೇ,

ಮನವಿ ಕೊಟ್ಟಾಯಿತು, ಕಚೇರಿಗೆ ಅಲೆದಾಯಿತು, ಫೋನೂ ಮಾಡಿಯಾಯಿತು. ಇನ್ನು ಪತ್ರಿಕೆಯೊಂದೇ ದಾರಿ. ಮಗನ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ.

ನಡೆದದ್ದು ತಮಗೆ ಗೊತ್ತಿದೆ. ಕಳೆದ ವರ್ಷ ನಡುರಾತ್ರಿ ಹುಡುಗನಿಗೆ ವೃಷಣದಲ್ಲಿ ವಿಪರೀತ ನೋವು. ನಾಚಿಕೆಯಿಂದ ಹೊಟ್ಟೆನೋವು ಎಂದ. ಓಮಿನ ಕಷಾಯ ಕೊಟ್ಟೆವು. ಮರುದಿನ ಸಂಜೆ ಆಸ್ಪತ್ರೆ ಮುಟ್ಟುವಷ್ಟರಲ್ಲಿ ವೃಷಣ ಕಪ್ಪಾಗಿತ್ತು, ತೆಗೆಯಬೇಕಾಯಿತು. ವೃಷಣದ ರಕ್ತನಾಳಗಳೂ ವೀರ್ಯನಾಳವೂ ಒಂದೇ ಹುರಿಯಲ್ಲಿ ಸಾಗುತ್ತವೆ. ಅದು ತಿರುಚಿಕೊಂಡರೆ ರಕ್ತ ನಿಲ್ಲುತ್ತದೆ. ಆರು ಗಂಟೆಯೊಳಗೆ ಬಿಡಿಸಿದರೆ ಸಾಮಾನ್ಯವಾಗಿ ವೃಷಣ ಉಳಿಯುತ್ತದೆ. ಹದಿಹರೆಯದ ಹುಡುಗರಲ್ಲೇ ಇದು ಹೆಚ್ಚು.

ಆಮೇಲೆ ಪೋಷಕರ ಸಭೆಯಲ್ಲಿ ತಾವು ಎಲ್ಲರೆದುರು ಮಾತು ಕೊಟ್ಟಿರಿ: ಹತ್ತನೇ ತರಗತಿಯ ಸಂತಾನೋತ್ಪತ್ತಿ ಪಾಠವನ್ನು ಇನ್ನು ಬಿಡದೆ ಮಾಡಿಸುತ್ತೇನೆ, ವೈದ್ಯರನ್ನೂ ಕರೆಸುತ್ತೇನೆ. ಈ ವರ್ಷವೂ ಮಕ್ಕಳಿಗೆ ಸಿಕ್ಕಿದ್ದು "ಮನೆಯಲ್ಲೇ ಓದಿಕೊಳ್ಳಿ" ಎಂಬ ಅಪ್ಪಣೆ. ವೈದ್ಯರ ಸುಳಿವೇ ಇಲ್ಲ. ವಿಚಾರಿಸಿದರೆ, "ಗಂಡುಹುಡುಗರಿಗೆ ಇದನ್ನೆಲ್ಲ ಹೇಳಿಕೊಡಬೇಕೇನಮ್ಮಾ?" ಎಂದಿರಿ.

ಹೇಳಿಕೊಡಬೇಕು ಸ್ವಾಮಿ. ವೀರ್ಯಾಣು ಬೆಳೆಯಲು ದೇಹಕ್ಕಿಂತ ಎರಡು ಮೂರು ಡಿಗ್ರಿ ಕಡಿಮೆ ಉಷ್ಣತೆ ಬೇಕು, ಅದಕ್ಕೇ ವೃಷಣಗಳು ಹೊರಗಿನ ಚೀಲದಲ್ಲಿವೆ ಎಂದು ಹೇಳಬೇಕು. ವೀರ್ಯದ ಬಹುಪಾಲು ವೀರ್ಯಕೋಶಿಕೆ ಮತ್ತು ಪ್ರಾಸ್ಟೇಟ್ ಗ್ರಂಥಿಗಳ ದ್ರವ, ನಿದ್ದೆಯಲ್ಲಿ ಅದು ಹೊರಬಂದರೆ ರೋಗವಲ್ಲ, ಶಕ್ತಿ ಸೋರುವುದೂ ಇಲ್ಲ ಎಂದು ಹೇಳಬೇಕು. ಶಾಲೆ ಬಾಯಿ ಮುಚ್ಚಿದರೆ ಬಸ್ ನಿಲ್ದಾಣದ ಗೋಡೆಯ ಗುಪ್ತರೋಗದ ಜಾಹೀರಾತು ಹೇಳುತ್ತದೆ, ಮೊಬೈಲು ಹೇಳುತ್ತದೆ. ನನ್ನ ಮಗ ತಾನು ಗಂಡಸೇ ಅಲ್ಲವೆಂದು ತಿಂಗಳುಗಟ್ಟಲೆ ಕೊರಗಿದ. ಉಳಿದೊಂದು ವೃಷಣವೇ ಟೆಸ್ಟೋಸ್ಟೆರಾನನ್ನು ರಕ್ತಕ್ಕೆ ಬಿಡುತ್ತದೆ, ವೀರ್ಯಾಣುಗಳನ್ನೂ ಉತ್ಪಾದಿಸುತ್ತದೆ ಎಂದು ಧೈರ್ಯ ತುಂಬಿದವರು ಶಸ್ತ್ರವೈದ್ಯರು. ನಿಮ್ಮ ಶಾಲೆಯಿಂದ ಒಂದು ಮಾತೂ ಬರಲಿಲ್ಲ.

ಪ್ರಯೋಗಾಲಯಕ್ಕೆ ಬೀಗ, ವಿಜ್ಞಾನ ಶಿಕ್ಷಕರ ಹುದ್ದೆ ಖಾಲಿ. ನಿಮಗೆ ಬೇಕಾದದ್ದು ಫಲಿತಾಂಶದ ಶೇಕಡಾವಾರು ಮಾತ್ರ. ಹದಿಹರೆಯದವರ ಆರೋಗ್ಯಕ್ಕೆಂದೇ ಕೇಂದ್ರ ಸರ್ಕಾರ 2014ರಲ್ಲಿ ಶುರುಮಾಡಿದ ರಾಷ್ಟ್ರೀಯ ಕಿಶೋರ ಸ್ವಾಸ್ಥ್ಯ ಕಾರ್ಯಕ್ರಮ ನಮ್ಮ ಶಾಲೆಯ ಬಾಗಿಲಿಗೂ ಬಂದಿಲ್ಲ. ನಾಚಿಕೆಪಡಬೇಕಾದದ್ದು ಮಕ್ಕಳ ದೇಹದ ಬಗ್ಗೆಯಲ್ಲ, ಈ ಆಡಳಿತದ ಬಗ್ಗೆ.

ನೀವು ಕೊಟ್ಟ ಮಾತು ಸಭೆಯ ನಡಾವಳಿಯಲ್ಲಿದೆ, ಕೆಳಗೆ ನಿಮ್ಮದೇ ಸಹಿಯಿದೆ. ವಾರ್ಷಿಕ ಪರೀಕ್ಷೆಗೆ ಮೊದಲು ಪಾಠ ಮಾಡಿಸಿ, ವೈದ್ಯರನ್ನು ಕರೆಸಿ.

ಓದುತ್ತಿರುವ ತಂದೆತಾಯಂದಿರೇ, ಮಗ ಕಿಬ್ಬೊಟ್ಟೆ ನೋವೆಂದರೆ ಎಲ್ಲಿ ಎಂದು ಬಿಡಿಸಿ ಕೇಳಿ. ವೃಷಣದ ನೋವಾದರೆ ಬೆಳಗಾಗಲೆಂದು ಕಾಯಬೇಡಿ, ಆ ಕ್ಷಣವೇ ಆಸ್ಪತ್ರೆಗೆ ಕರೆದೊಯ್ಯಿರಿ.

ಇಂತಿ,
ಒಬ್ಬ ವಿದ್ಯಾರ್ಥಿಯ ತಾಯಿ