ಅದ್ದಿದವರೆಲ್ಲ ಬಣ್ಣಗಾರರೇ?

ಜಪಾನು ನೋಡಿ ಬಂದವರಲ್ಲಿ ಕೆಲವರು ನೀಲಿ ಕರವಸ್ತ್ರವೊಂದನ್ನು ಬಿಡಿಸಿ, ‘ನಾನೇ ಬಣ್ಣ ಹಾಕಿದ್ದು; ಕಸುಬು ಕಲಿತೆ’ ಎನ್ನುತ್ತಾರೆ. ಕಲಿತದ್ದೇನು ಸ್ವಾಮಿ?

ತೊಕುಶಿಮಾದಲ್ಲಿ ಪ್ರವಾಸಿಗೆ ಮಾಡಿಸುವುದು ಇಷ್ಟು: ಬಟ್ಟೆ ಮಡಿಚಿ ರಬ್ಬರು ಬಿಗಿದು, ಕೈಗವಸು ತೊಟ್ಟು, ಬಾನಿಯಲ್ಲಿ ಅದ್ದಿ ಎತ್ತುವುದು. ಹಸಿರಾಗಿ ಮೇಲೆದ್ದ ಬಟ್ಟೆ ಗಾಳಿ ತಾಕುತ್ತಲೇ ನೀಲಿಗೆ ತಿರುಗುತ್ತದೆ. ಸೊಗಸಾದ ನೋಟ, ಅಲ್ಲವೆಂದವರಾರು? ಆದರೆ ಇದು ಪಂಕ್ತಿಯಲ್ಲಿ ಕುಳಿತು ತುಪ್ಪ ಬಡಿಸಿಕೊಂಡಂತೆ. ಅಡಿಗೆ ಮಾಡಿದವರು ಒಳಗಿದ್ದಾರೆ. ವಸಂತದಲ್ಲಿ ಬಿತ್ತಿ, ಬೇಸಿಗೆಯಲ್ಲಿ ಕೊಯ್ದು ಒಣಗಿಸಿದ ಎಲೆಯನ್ನು ರಾಶಿ ಹಾಕಿ, ನೀರು ಚಿಮುಕಿಸಿ, ಮತ್ತೆ ಮತ್ತೆ ಮಗುಚಿ ಸುಮಾರು 100 ದಿನ ಕಳಿಸಬೇಕು. ರಾಶಿ ಕಾದು ಹಬೆಯಾಡುತ್ತದೆ. ಅಮೋನಿಯದ ಘಾಟಿಗೆ ಕಣ್ಣು ಉರಿಯುತ್ತದೆ. ಹೀಗಾದ ‘ಸುಕುಮೊ’ವನ್ನು ಬೂದಿಯ ತಿಳಿ, ಸುಣ್ಣ, ಗೋಧಿಯ ತೌಡುಗಳೊಡನೆ ಹುದುಗಿಸಿದ ಮೇಲೆ ನಿಮ್ಮ ಕರವಸ್ತ್ರದ ಸರದಿ.

ಪ್ರವಾಸಿಯ ಹಣದಿಂದಲೇ ಕಸುಬು ಉಳಿದಿದೆ ಎಂಬ ವಾದವುಂಟು. ಬಾನಿ ಉಳಿದೀತು, ಎಲೆ ಮಗುಚುವವನು? 1897ರಲ್ಲಿ ಜರ್ಮನಿಯ ಕೃತಕ ನೀಲಿ ಪೇಟೆಗೆ ಬಂದಂದಿನಿಂದ ಅವನ ದುಡಿಮೆಗೆ ತಕ್ಕ ಬೆಲೆ ತೆರುವವರು ವಿರಳ. ಆಟಕ್ಕೆ ಚೌಕಾಸಿಯಿಲ್ಲದೆ ಕಾಸು ಕೊಡುವ ನಮ್ಮ ಮಹನೀಯರು, ಅದೇ ಬಾನಿಯಲ್ಲಿ ಹತ್ತಾರು ಸಲ ಮುಳುಗೆದ್ದ ಬಟ್ಟೆಯ ಬೆಲೆ ಕೇಳಿ ಹುಬ್ಬೇರಿಸುತ್ತಾರೆ. ನೀಲಿಯೆಂದರೆ 1917ರ ಚಂಪಾರಣ್ಯವನ್ನು ನೆನೆಯುವ ನಾಡಿನವರಿಗೆ ಇದು ತಕ್ಕದ್ದೆ?

ಕರವಸ್ತ್ರ ಧಾರಾಳವಾಗಿ ತನ್ನಿ. ಜೊತೆಗೆ ಬಣ್ಣಗಾರ ಅದ್ದಿದ ಬಟ್ಟೆಯೊಂದನ್ನು ಅವನು ಹೇಳಿದ ಬೆಲೆಗೇ ಕೊಂಡು ತನ್ನಿ.