ಗಿಣಿ ಹೋಯಿತು, ಕ್ವಾಂಟಂ ಬಂತು

ನಮ್ಮ ಕಡೆಯ ಜಾತ್ರೆಗಳಲ್ಲಿ ಗಿಣಿಶಾಸ್ತ್ರದವರನ್ನು ನೋಡಿದವರು ಇನ್ನೂ ಇದ್ದಾರೆ. ಪಂಜರದ ಬಾಗಿಲು ತೆರೆದರೆ ಗಿಣಿ ಬಂದು ಕೊಕ್ಕಿನಲ್ಲಿ ಒಂದು ಕಾರ್ಡ್ ಎತ್ತುತ್ತಿತ್ತು. ಐದೋ ಹತ್ತೋ ರೂಪಾಯಿ ಕೊಟ್ಟು, ನಕ್ಕು, ಚುರುಮುರಿ ತಿಂದು ಮನೆಗೆ ಬರುತ್ತಿದ್ದೆವು. ಅದನ್ನು ವಿಜ್ಞಾನ ಎಂದು ಗಿಣಿಯವನೂ ಹೇಳಿರಲಿಲ್ಲ.

ಈಗ ಅದೇ ಕಾರ್ಡು ಫೋನಿನ ರೀಲಿನಲ್ಲಿ ಬರುತ್ತಿದೆ. ಹೆಸರು ‘ಕ್ವಾಂಟಂ ಟ್ಯಾರೋ’.

ನಮ್ಮಲ್ಲೊಬ್ಬಳ ಚಿಕ್ಕಮ್ಮ ಕಾರ್ಕಳದ ಹತ್ತಿರ ಬೀಡಿ ಕಟ್ಟುತ್ತಾರೆ. ಮಗನಿಗೆ ಗಲ್ಫ್ ವೀಸಾ ಆಗುತ್ತದೋ ಇಲ್ಲವೋ ಎಂದು ಕೇಳಲು 2,100 ರೂಪಾಯಿ ಕಳುಹಿಸಿದರು. ‘ಫಲ ಎರಡು ಸ್ಥಿತಿಯಲ್ಲಿದೆ, ನೀವು ಹೇಗೆ ನೋಡುತ್ತೀರೋ ಹಾಗಾಗುತ್ತದೆ’ ಎಂಬ ಉತ್ತರ ಬಂತು. ವೀಸಾ ಆಗಲಿಲ್ಲ. ಕೇಳಿದರೆ ‘ನೀವು ಸಂಶಯದಿಂದ ನೋಡಿದಿರಿ’ ಎಂದರು, ಸರಿಪಡಿಸಲು ಇನ್ನೂ 5,000 ಕೇಳಿದರು. ಚಿಕ್ಕಮ್ಮ ಅದನ್ನೂ ಕೊಟ್ಟರು. ಎಷ್ಟು ಸಾವಿರ ಬೀಡಿಯ ದುಡ್ಡು ಅದು, ಕಟ್ಟುವವರಿಗೆ ಗೊತ್ತು. ಯಾಕೆ ಎದುರು ಮಾತಾಡಲಿಲ್ಲ ಎಂದರೆ, ‘ಅದು ಸೈನ್ಸ್ ಅಂತೆ ಮಗಾ, ನಾನು ಏಳನೇ ಕ್ಲಾಸು’ ಎಂದರು.

ನಮ್ಮ ಸಿಟ್ಟು ಇರುವುದು ಆ ಮಾತಿನ ಮೇಲೆ. ಕ್ವಾಂಟಂ ಎಂಬ ಶಬ್ದವನ್ನು ತಂದದ್ದೇ ಚಿಕ್ಕಮ್ಮನಂಥವರ ಬಾಯಿ ಮುಚ್ಚಿಸಲು.

ಟ್ಯಾರೋ ಎಂಬುದು 78 ಕಾರ್ಡುಗಳ ಕಟ್ಟು. 15ನೇ ಶತಮಾನದ ಇಟಲಿಯಲ್ಲಿ ಅದು ನಮ್ಮ ಇಸ್ಪೀಟಿನ ಹಾಗೆ ಆಡುವ ಎಲೆ. ಅದರಲ್ಲಿ ಭವಿಷ್ಯ ಹೇಳುವುದು ಶುರುವಾಗಿದ್ದು 18ನೇ ಶತಮಾನದ ಫ್ರಾನ್ಸಿನಲ್ಲಿ. ಕ್ವಾಂಟಂ ಭೌತಶಾಸ್ತ್ರ ಹುಟ್ಟಿದ್ದು 1900ರಲ್ಲಿ, ಮ್ಯಾಕ್ಸ್ ಪ್ಲಾಂಕ್ ಅವರಿಂದ. ಎರಡಕ್ಕೂ ಸಂಬಂಧ ಕಟ್ಟಿದ್ದು ವ್ಯಾಪಾರದವರು. 1989ರಲ್ಲಿ ‘ಕ್ವಾಂಟಂ ಹೀಲಿಂಗ್’ ಪುಸ್ತಕ ಬರೆದ ದೀಪಕ್ ಚೋಪ್ರಾ ಅವರಿಗೆ 1998ರಲ್ಲಿ ಇಗ್ ನೊಬೆಲ್ ಸಿಕ್ಕಿತು. ಅದು ತಮಾಷೆಗೆ ಕೊಡುವ ಬಹುಮಾನ.

‘ನೋಡಿದರೆ ಬದಲಾಗುತ್ತದೆ’ ಎಂಬ ಮಾತು ಪೂರ್ತಿ ಸುಳ್ಳಲ್ಲ, ಮೋಸ ಇರುವುದೂ ಅಲ್ಲೇ. ಎಲೆಕ್ಟ್ರಾನಿನಂಥ ಅತಿ ಸಣ್ಣ ಕಣವನ್ನು ಅಳೆಯಲು ಹೋದರೆ ಅದರ ಸ್ಥಿತಿ ಬದಲಾಗುತ್ತದೆ ನಿಜ. ಆದರೆ ಅಲ್ಲಿ ನೋಡುವುದು ಎಂದರೆ ಉಪಕರಣದಿಂದ ಅಳೆಯುವುದು. ಮನಸ್ಸಿನ ನಂಬಿಕೆಗೂ ಅದಕ್ಕೂ ಸಂಬಂಧವಿಲ್ಲ. ವೀಸಾ ಆಫೀಸಿನ ಫೈಲು ಎಲೆಕ್ಟ್ರಾನ್ ಅಲ್ಲ, ಚಿಕ್ಕಮ್ಮ ಸಂಶಯಪಟ್ಟರೆಂದು ಅದು ಅಲ್ಲಾಡುವುದಿಲ್ಲ. ದೂರದೂರ ಇರುವ ಎರಡು ಕಣಗಳ ನಡುವಿನ ನಂಟಿನ ಪ್ರಯೋಗಗಳಿಗೆ 2022ರಲ್ಲಿ ಮೂವರಿಗೆ ನೊಬೆಲ್ ಬಂತು. ಆ ನಂಟಿನಿಂದಲೂ ಒಂದೇ ಒಂದು ಸುದ್ದಿ ಕಳುಹಿಸಲು ಬರುವುದಿಲ್ಲ. ಮತ್ತೆ ಇಸ್ಪೀಟಿನ ಎಲೆಗೆ ದುಬೈಯ ಸುದ್ದಿ ಬರುವುದು ಹೇಗೆ?

ನಿಜವಾದ ಕ್ವಾಂಟಂ ಬೇಕಿದ್ದರೆ ದೂರ ಹೋಗಬೇಕಿಲ್ಲ. ನಿಮ್ಮ ಕೈಯಲ್ಲಿರುವ ಫೋನಿನ ಚಿಪ್ಪು, ಚಾವಡಿಯ ಎಲ್‌ಇಡಿ ಬಲ್ಬು ಕೆಲಸ ಮಾಡುವುದು ಅದರಿಂದಲೇ. ಮಣಿಪಾಲದಲ್ಲಿ ಪರಮಾಣು ಮತ್ತು ಅಣು ಭೌತಶಾಸ್ತ್ರದ ವಿಭಾಗವೇ ಇದೆ. ಸಿ.ವಿ. ರಾಮನ್ 1928ರಲ್ಲಿ ಕಂಡುಹಿಡಿದದ್ದೂ ಕ್ವಾಂಟಂ ವಿಷಯವೇ. ಅದನ್ನು ಕಲಿತವರು ಯಾರೂ ನಿಮ್ಮ ಮಗಳಿಗೆ ಗಂಡು ಯಾವಾಗ ಬರುತ್ತಾನೆ ಎಂದು ಹೇಳಲು ಕೂರುವುದಿಲ್ಲ.

‘ಬಲಿಮೆಗೆ, ಪ್ರಶ್ನೆ ಇಡುವುದಕ್ಕೆ ನೀವು ಏನೂ ಅನ್ನುವುದಿಲ್ಲವಾ?’ ಎಂದು ಕಾಪುವಿನ ಓದುಗರೊಬ್ಬರು ಕೇಳಿದರು. ಅದರ ಬಗ್ಗೆಯೂ ನಮಗೆ ತಕರಾರಿದೆ, ನಮ್ಮ ಮನೆಗಳಲ್ಲೇ ಜಗಳ ಆಗಿದೆ. ಆದರೆ ಬಲಿಮೆ ಹೇಳಿದವರು ಮರುದಿನ ಸೊಸೈಟಿ ಎದುರು ಸಿಗುತ್ತಾರೆ, ತಪ್ಪಿದರೆ ಮುಖದ ಮೇಲೆ ಕೇಳಬಹುದು. ರೀಲಿನವರಿಗೆ ಊರಿಲ್ಲ.

ಕಾನೂನಿನ ಮೇಲೆ ಹೆಚ್ಚು ಆಸೆ ಬೇಡ. ರಾಜ್ಯದ 2017ರ ಮೌಢ್ಯ ನಿಷೇಧ ಕಾಯ್ದೆ ಜ್ಯೋತಿಷ್ಯ, ವಾಸ್ತು ಸಲಹೆಯನ್ನು ಹೊರಗಿಟ್ಟಿದೆ. ಆದರೆ ಕ್ಯಾನ್ಸರ್, ಸಕ್ಕರೆ ಕಾಯಿಲೆಯನ್ನು ಮಂತ್ರಶಕ್ತಿಯಿಂದ ಗುಣ ಮಾಡುತ್ತೇವೆಂಬ ಜಾಹೀರಾತು 1954ರ ಕಾಯ್ದೆಯ ಪ್ರಕಾರ ಅಪರಾಧ. ಆನ್‌ಲೈನಿನಲ್ಲಿ ಮೋಸ ಹೋದರೆ ತಡ ಮಾಡದೆ 1930ಕ್ಕೆ ಫೋನ್ ಮಾಡಿ.

ಚಿಕ್ಕಮ್ಮನ 7,100 ರೂಪಾಯಿ ಇನ್ನೂ ಬಂದಿಲ್ಲ. ಆ ನಂಬರಿಗೆ ನಾವೊಂದು ಪ್ರಶ್ನೆ ಕಳುಹಿಸಿದೆವು: ಈಗ ಚಿಕ್ಕಮ್ಮನ ಪರ್ಸಿನಲ್ಲಿ ಎಷ್ಟು ನೋಟಿದೆ, ಕಾರ್ಡು ತೆಗೆದು ಹೇಳಿ. ನೀಲಿ ಗುರುತು ಬಿದ್ದು ನಾಲ್ಕು ದಿನ ಆಯಿತು.